ಉಡಿಯಲ್ಲಿ ಬಂದ ಹುಲ್ಲು

ಬೈಲಹೊಂಗಲದ ನಮ್ಮ ಮನೆಯ ಮುಂದಿನ ಅಂಗಳ ಎರೆಮಣ್ಣಿನದು. ಎರೆಮಣ್ಣು ಅಂದರೆ ಏನು ಅಂತ ಅದರ ಮೇಲೆ ದಿನಾ ನಡೆದವರಿಗೇ ಗೊತ್ತು. ಬೇಸಿಗೆಯಲ್ಲಿ ಅದು ಬಾಯಿ ಬಿಡುತ್ತದೆ. ನನ್ನ ಮಗಳ ಎರಡು ಗೋಲಿ, ಒಂದು ಚಮಚ, ನನ್ನ ಬಲಗಾಲಿನ ಗೆಜ್ಜೆಯ ಒಂದು ಗುಂಡು, ಇಷ್ಟನ್ನು ಆ ಬಿರುಕುಗಳು ನುಂಗಿದ್ದು ನಾನೇ ಕಣ್ಣಾರೆ ನೋಡಿದ್ದೇನೆ. ಮಳೆ ಬಿದ್ದ ಕೂಡಲೇ ಬಿಟ್ಟ ಬಾಯಿ ಮುಚ್ಚಿಕೊಂಡು ಕಾಲು ಹಿಡಿಯುತ್ತದೆ. ಗೇಟಿನಿಂದ ಬಾಗಿಲಿಗೆ ಬರುವಷ್ಟರಲ್ಲಿ ಚಪ್ಪಲಿಯ ಕೆಳಗೆ ಇನ್ನೊಂದು ಚಪ್ಪಲಿ ಬೆಳೆದಿರುತ್ತದೆ. ನಾನು ಸ್ವಲ್ಪ ಕುಳ್ಳಿ. ಮದುವೆಯಾದ ಮೊದಲ ಮಳೆಗಾಲದಲ್ಲಿ ನಮ್ಮವರು, "ಈಗ ನೋಡು, ನನ್ನ ಭುಜಕ್ಕ ಬಂದಿ," ಎಂದು ನಕ್ಕಿದ್ದರು.

ನಾನು ಓದಿದ್ದು ಬೆಳಗಾವಿಯ ಒಂದು ಕಾನ್ವೆಂಟಿನಲ್ಲಿ. ಅಲ್ಲಿ ಪ್ರಾರ್ಥನೆಯ ಮನೆಯ ಮುಂದೆ ಹಸಿರು ಹುಲ್ಲುಹಾಸು ಇತ್ತು. ಅದರ ಅಂಚನ್ನು ಕತ್ತರಿಯಿಂದ ಒಪ್ಪ ಮಾಡುತ್ತಿದ್ದ ವಯಸ್ಸಾದ ಸಿಸ್ಟರ್ ಒಬ್ಬರು ನಮಗೆ ತೋಟದ ಕೆಲಸವನ್ನೂ ಕಲಿಸುತ್ತಿದ್ದರು. ಅವರು ಒಂದು ಮಾತು ಹೇಳುತ್ತಿದ್ದರು. ನಿನಗೆ ಯಾವ ಗಿಡ ಬೇಕು ಅಂತ ಯೋಚಿಸುವ ಮೊದಲು, ಯಾರೂ ನೀರು ಹಾಕದ ಜಾಗದಲ್ಲಿ ಯಾವ ಗಿಡ ನಗುತ್ತಿದೆ ಅಂತ ನೋಡಿಕೊಂಡು ಬಾ. ನಾನು ಆ ಮಾತನ್ನು ನೋಟ್‌ಬುಕ್ಕಿನಲ್ಲಿ ಚೆಂದದ ಅಕ್ಷರದಲ್ಲಿ ಬರೆದುಕೊಂಡೆ, ಆಮೇಲೆ ಚೆಂದವಾಗಿ ಮರೆತೆ.

ನನ್ನ ಅತ್ತೆಗೆ ಅಂಗಳ ಅಂದರೆ ಸಾರಿಸುವ ನೆಲ. ಸೋಮವಾರ, ಶುಕ್ರವಾರ, ಅಮಾವಾಸ್ಯೆ, ಹಬ್ಬ, ಯಾರಾದರೂ ಬರುವ ದಿನ, ಯಾರೂ ಬರದಿದ್ದರೆ ಬೇಜಾರಾದ ದಿನ, ಗೇಟಿನಿಂದ ಹೊಸ್ತಿಲ ತನಕ ಸಗಣಿ ಹಾಕಿ ಸಾರಿಸುತ್ತಿದ್ದರು. ಅವರ ಅಂಗೈ ನೆಲದ ಮೇಲೆ ಅರ್ಧ ಚಂದ್ರ ಬರೆಯುತ್ತಾ ಹಿಂದಕ್ಕೆ ಹಿಂದಕ್ಕೆ ಸರಿದು ಬರುತ್ತಿತ್ತು. ಒಂದು ಚಂದ್ರನ ಮೇಲೆ ಇನ್ನೊಂದು ಚಂದ್ರ, ಮೀನಿನ ಮೈಯ ಹಾಗೆ. ಆರಿದ ಮೇಲೆ ಅದರ ಮೇಲೆ ಬರಿಗಾಲಲ್ಲಿ ಓಡಾಡುವುದೇ ಅವರಿಗೆ ಸುಖ. ಕಂಪೌಂಡಿನೊಳಗೆ ಅವರು ಚಪ್ಪಲಿ ಮೆಟ್ಟಿದ್ದನ್ನು ನಾನು ಒಮ್ಮೆಯೂ ನೋಡಲಿಲ್ಲ.

ತೊಂಬತ್ತರ ದಶಕದ ನಡುವಿನ ಒಂದು ವರ್ಷ, ಮೃಗಶಿರದ, ನಮ್ಮ ಕಡೆಯವರ ಮಿರಗದ, ಮೊದಲ ಮಳೆ ಬಿದ್ದ ಮರುದಿನ, ಅದೇ ಅಂಗಳದಲ್ಲಿ ಅತ್ತೆ ಜಾರಿ ಬಿದ್ದರು. ಬಲಗೈ ಮಣಿಕಟ್ಟು ಮುರಿಯಿತು. ಪ್ಲಾಸ್ಟರ್ ಹಾಕಿಸಿಕೊಂಡು ಬಂದರು. ಮಾವ ಹತ್ತಿಯ ವ್ಯಾಪಾರಿ, ಹೆಚ್ಚು ಮಾತಿಲ್ಲದವರು. ಎಂಟು ದಿನದೊಳಗೆ ರಾಮದುರ್ಗದ ಕಡೆಯಿಂದ ಒಂದು ಟ್ರ್ಯಾಕ್ಟರ್ ಫರಶಿ ಕಲ್ಲು ಬಂದು ನಮ್ಮ ಕಂಪೌಂಡಿನ ಗೋಡೆಗೆ ಒರಗಿ ನಿಂತಿತು.

"ಗೇಟಿನಿಂದ ಕಟ್ಟಿ ತನಕ ಫರಶಿ ಹಾಸಿಬಿಡೂನು," ಅಂದರು ಮಾವ, ಚಹಾ ಕುಡಿಯುತ್ತಾ. "ರಾಡಿ ಇಲ್ಲ, ಜಾರೂದಿಲ್ಲ, ಸಾರಿಸೂದಿಲ್ಲ. ಒಂದ ಕೊಡ ನೀರು ಸುರುವಿದ್ರ ಮುಗೀತು."

ಅತ್ತೆ ಮಾವ ಎಂದೂ ನೇರವಾಗಿ ಜಗಳವಾಡಿದವರಲ್ಲ. ನಾನು ಈ ಮನೆಗೆ ಬಂದ ಮೇಲೆ ಅವರ ಜಗಳಗಳೆಲ್ಲ ನನ್ನ ಮೂಲಕವೇ ಹೋಗಿ ಬರುತ್ತಿದ್ದವು.

"ನಿಮ್ಮ ಮಾವಾರಿಗೆ ಕೇಳವಾ," ಅಂದರು ಅತ್ತೆ. "ನೆಲಾ ಎಲ್ಲಾ ಮುಚ್ಚಿದ ಮ್ಯಾಲೆ ನಾ ಕಾಲು ಎಲ್ಲಿ ಊರ್ಲಿ ಅಂತ."

ಮಾವ ಕೂತಿದ್ದು ಅವರಿಂದ ಎರಡು ಮೊಳ ದೂರದಲ್ಲಿ.

"ನಿಮ್ಮ ಅತ್ತಿಗೆ ಹೇಳು, ಫರಶಿ ಮ್ಯಾಲೆ ಊರಾಕ ಬರ್ತೈತಿ. ಮುರದದ್ದು ಕೈ, ಕಾಲಲ್ಲ."

"ಬ್ಯಾಸಗ್ಯಾಗ ಅದು ಕಾದ ಹಂಚು ಆಗತೈತಿ. ಅದರ ಮ್ಯಾಲೆ ರೊಟ್ಟಿ ಸುಟ್ಟ ಕೊಡ್ತೇನಿ, ತಿಂತಾರೇನು ಕೇಳು."

ಮಾವ ಬಸಿಯಲ್ಲಿ ಉಳಿದ ಚಹಾ ಕುಡಿದು ಎದ್ದು ಹೋದರು. ಅತ್ತೆ ಆವತ್ತು ಎಡಗೈಯಲ್ಲಿ ಎರಡು ತುತ್ತು ಉಂಡು ತಾಟು ಸರಿಸಿದರು. ಆಮೇಲೆ ನಾನು ಅವರ ಜಡೆ ಹಾಕುತ್ತಿದ್ದಾಗ, ಕನ್ನಡಿಯಲ್ಲಿ ನನ್ನ ಮುಖ ನೋಡದೆ ಹೇಳಿದರು: "ಈ ಮನ್ಯಾಗ ಎಲ್ಲಾ ಅವರು ಕಟ್ಟಿಸಿದ್ದು, ಅವರು ತಂದದ್ದು. ಅಂಗಳಾ ಒಂದ ನನ್ನ ಕೈಯಾಗ ತಯಾರಾದದ್ದು ನೋಡವಾ."

ಆ ಮಾತು ಕೇಳಿ ನಾನು ಸುಮ್ಮನಿರಲಾರದೆ ಮರುದಿನ ಮುಂಜಾನೆ ಮಾವನ ಮುಂದೆ ನಿಂತೆ.

"ಮಾವಾರ, ಫರಶಿ ಬದಲಿ ನೆಲದ ಮ್ಯಾಲೆ ಹಬ್ಬೂವಂಥಾದ್ದು ಏನರ ಹಸಿರು ಹಚ್ಚಿದ್ರ ಹೆಂಗ್ರಿ?"

"ಆಕಿ ಸಾರಿಸಿ ಕೈ ಮುರ್ಕೊಂಡ್ಳು. ನೀ ನೀರು ಹೊತ್ತು ನಡಾ ಮುರ್ಕೊಳ್ಳಾಕಿ."

"ಅಂಥಾದ್ದಲ್ರಿ. ಒಮ್ಮೆ ಹಚ್ಚಿದ್ರ ತಾನ ಬೆಳೀಬೇಕು. ನೀರು ಕಡಿಮಿ, ಕತ್ತರಸೂದು ಕಡಿಮಿ, ತುಳದ್ರೂ ಸಾಯಬಾರದು."

"ಅಂಥಾದ್ದು ಯಾವದೈತಿ?"

ನನಗೇ ಗೊತ್ತಿರಲಿಲ್ಲ. ಮಾವ ನಕ್ಕರು. ನಗುವಾಗ ಅವರ ಕಿವಿ ಸ್ವಲ್ಪ ಹಿಂದಕ್ಕೆ ಸರಿಯುತ್ತಿತ್ತು.

"ಆತು. ದೀಪಾವಳಿ ಪಾಡ್ಯೆ ತನಕ ಟೈಮು. ಅವತ್ತ ಮುಂಜಾನೆ ಗೇಟಿನಿಂದ ಕಟ್ಟಿ ತನಕ ನಾನ ನಡೀತೇನಿ. ನನ್ನ ಚಪ್ಪಲಿಗೆ ರಾಡಿ ಹತ್ತಿತಂದ್ರ ಮರುದಿನ ಗೌಂಡಿ ಬರ್ತಾನ."

ಹೀಗೆ ಗಾರೆ ಕೆಲಸದ ಗೌಂಡಿಗೂ ನನಗೂ ಪಂದ್ಯ ಬಿತ್ತು. ನಮ್ಮವರು ಅಂಗಳಕ್ಕೆ ಸುತಳಿ ಕಟ್ಟಿ ನಾಲ್ಕು ಚೌಕ ಮಾಡಿಕೊಟ್ಟರು. ನಾನು ಹಳೆಯ ನೋಟ್‌ಬುಕ್ ತೆಗೆದು ಪ್ರತಿ ಚೌಕಕ್ಕೂ ಒಂದು ಪುಟ ಬಿಟ್ಟೆ. ಅತ್ತೆ ಕಟ್ಟೆಯ ಮೇಲೆ ಕೂತು, ಕೊರಳಿಗೆ ಜೋತುಬಿದ್ದ ಪ್ಲಾಸ್ಟರಿನ ಕೈಯನ್ನು ಕೂಸಿನ ಹಾಗೆ ತೊಡೆಯ ಮೇಲಿಟ್ಟುಕೊಂಡು, ನನ್ನ ಒಂದೊಂದು ಕೆಲಸಕ್ಕೂ ಒಂದೊಂದು ಮಾತು ಹಾಕುತ್ತಿದ್ದರು.

ಮೊದಲ ಚೌಕಕ್ಕೆ ಕಾನ್ವೆಂಟಿನ ನೆನಪಿನ ಹುಲ್ಲು. ಬೆಳಗಾವಿಯ ನರ್ಸರಿಯಿಂದ ತುಂಡು ತುಂಡಾಗಿ ತರಿಸಿದೆ. ಚೌಕದಲ್ಲಿ ಕೂಡಿಸಿದ ದಿನ ಅದರಷ್ಟು ಚೆಲುವಾದದ್ದು ಬೈಲಹೊಂಗಲದಲ್ಲಿ ಇನ್ನೊಂದಿರಲಿಲ್ಲ. ಮಳೆ ನಿಂತ ನಾಲ್ಕನೆಯ ದಿನಕ್ಕೆ ಬಾಯಾರಿತು, ನೀರು ಹಾಕಿದೆ. ಮಳೆ ಬಂತು, ಎರೆಮಣ್ಣು ನೀರು ಹಿಡಿದುಕೊಂಡು ಕೂತಿತು, ಹುಲ್ಲಿಗೆ ಥಂಡಿಯಾಯಿತು. ಇಪ್ಪತ್ತು ದಿನದಲ್ಲಿ ಹಳೆಯ ಚಾಪೆಯ ಬಣ್ಣಕ್ಕೆ ಬಂತು.

"ಇದು ಬೀಗರು ಇದ್ದಂಗೈತಿ," ಅಂದರು ಮಾವ ಹೋಗುತ್ತಾ. "ದಿನಾ ವಿಚಾರಸಬೇಕು, ಆದ್ರೂ ಮಾರಿ ಬಾಡಿಸ್ಕೊಂಡ ಇರತೈತಿ."

ಎರಡನೆಯದು ಕಿತ್ತೂರಿನಿಂದ ಬಂತು. ನನ್ನ ನಾದಿನಿಯನ್ನು ಕೊಟ್ಟದ್ದು ಕಿತ್ತೂರಿಗೆ. ಅವಳ ಮನೆಯ ಮುಂದೆ ಹತ್ತು ಗಂಟೆಗೆ ಅರಳುವ ಆ ಪುಟ್ಟ ಹೂವಿನ ಬಳ್ಳಿ ಕೆಂಪು, ಹಳದಿ, ಗುಲಾಬಿ ಬಣ್ಣದಲ್ಲಿ ಹಾಸಿಕೊಂಡಿತ್ತು. ನೀರಿನ ಹೊಣೆಯೇ ಇಲ್ಲ, ಒಂದು ತುಂಡು ಮುರಿದು ಚುಚ್ಚಿದರೆ ಸಾಕು ಅಂದಳು. ಸುಳ್ಳಲ್ಲ. ಆದರೆ ಕಿತ್ತೂರಿನ ಅವಳ ಅಂಗಳ ಕೆಂಪು ಮಣ್ಣಿನದು, ಬಿದ್ದ ನೀರು ನಿಲ್ಲದೆ ಇಳಿದುಹೋಗುತ್ತದೆ. ನಮ್ಮಲ್ಲಿ ಆ ರಸಭರಿತ ದಂಟುಗಳು ಒಂದು ವಾರ ನೀರಲ್ಲಿ ಕಾಲಿಟ್ಟುಕೊಂಡು ನಿಂತು, ಬುಡದಿಂದ ಕೊಳೆತು ಮಲಗಿದವು. ಬದುಕಿದ್ದ ನಾಲ್ಕು ಗಿಡಗಳ ಮೇಲೆ ಮಗಳು ಒಮ್ಮೆ ಕುಂಟಾಬಿಲ್ಲೆ ಆಡಿದಳು, ಅವೂ ಹೋದವು. ತುಳಿತ ತಾಳದ ಗಿಡವನ್ನು ನಡೆಯುವ ದಾರಿಗೆ ಆರಿಸಬಾರದೆಂದು ಆ ಪುಟದಲ್ಲಿ ಬರೆದೆ, ಕೆಂಪು ಮಸಿಯಲ್ಲಿ.

ಮೂರನೆಯದು ನಮ್ಮದೇ ಹೊಲದ ಬದುವಿನ ಕರಕಿ. ಗಣಪತಿಗೆ ಏರಿಸುವ ಅದೇ ಗರಿಕೆ. ನಾನು ಅದನ್ನು ಸಾಲಾಗಿ ನೆಡುವುದನ್ನು ನೋಡಿ ಅತ್ತೆ ತಮ್ಮ ಕೈನೋವು ಮರೆತು ಎದ್ದು ನಿಂತರು.

"ಅಯ್ಯ, ನಮ್ಮವ್ವಾ! ನಿಮ್ಮ ಮಾವಾರ ಅಪ್ಪ ಕಡೀತನಾ ಹೊಲದಾಗ ಕರಕಿ ಕಿತ್ತು ಕಿತ್ತು ಸಾಕಾದ್ರು. ಸ್ವರ್ಗದಾಗ ಕುಂತು ನೋಡಾಕತ್ತಾರ. ಮೊಮ್ಮಗನ ಹೆಂಡ್ತಿ ಅದನ್ನ ತಂದು ಬಾಗಲದಾಗ ಹಚ್ಚಾಕತ್ತಾಳ!"

ಆದರೆ ಕರಕಿ ಬೆಳೆಯಿತು. ನಾನು ಮನಸ್ಸಿನಲ್ಲೇ ಗೌಂಡಿಯನ್ನು ಗೆದ್ದೆ ಅಂದುಕೊಂಡೆ. ನಾಲ್ಕನೆಯ ಚೌಕ ಖಾಲಿ ಇತ್ತು.

ಮಳೆ ನಡುವೆ ಬಿಡುವು ಕೊಟ್ಟಾಗ ಸವದತ್ತಿಯ ನಂಟರ ಮನೆಯಲ್ಲಿ ಬಸುರಿ ಹೆಣ್ಣುಮಗಳಿಗೆ ಸೀಮಂತದ ಕುಬಸ ಮಾಡಿದರು. ಅತ್ತೆ, ನಾನು, ಮಗಳು ಹೋದೆವು. ಬಸುರಿಗೆ ಹಸಿರು ಸೀರೆ ಉಡಿಸಿ ಆರತಿ ಮಾಡಿದ ಮೇಲೆ ಬಂದ ಮುತ್ತೈದೆಯರಿಗೂ ಉಡಿ ತುಂಬಿದರು. ನನ್ನ ಸೆರಗಿಗೂ ಒಂದು ರವಿಕೆಯ ಖಣ, ಅಕ್ಕಿ, ಉತ್ತತ್ತಿ, ಅರಿಷಿಣ ಕೊಂಬು, ತೆಂಗಿನಕಾಯಿ ಬಿತ್ತು. ತಿರುಗಿ ಬರುವಾಗ ನಮ್ಮ ಬಾಡಿಗೆ ಜೀಪು ಮಲಪ್ರಭೆಯ ಹಿನ್ನೀರಿನ ದಂಡೆಯಲ್ಲಿ ನಿಂತಿತು. ನೀರು ಕುಡಿದ ಎಮ್ಮೆಗಳು ರಸ್ತೆ ದಾಟುತ್ತಿದ್ದವು, ಒಂದಕ್ಕೂ ಅವಸರವಿರಲಿಲ್ಲ.

ಕಾಲು ಸಡಿಲ ಮಾಡಿಕೊಳ್ಳಲು ಇಳಿದೆ. ಎಮ್ಮೆಗಳು ನಡೆದುಬಂದ ಜಾಡು ನೋಡಿದೆ. ನಮ್ಮ ಅಂಗಳದಂಥದೇ ಕರಿ ಮಣ್ಣು. ಎರಡೂ ಬದಿಗೆ ಮಂಡಿಯುದ್ದ ಕೆಸರು. ಆದರೆ ಒಂದು ಕಡೆ ಮಾತ್ರ ಎಮ್ಮೆಯ ಗೊರಸು ಹೂತಿರಲಿಲ್ಲ. ಬಗ್ಗಿ ನೋಡಿದರೆ ನೆಲಕ್ಕೆ ಅಂಟಿಕೊಂಡು ಹೆಣೆದ ಒಂದು ಬಳ್ಳಿ. ಸಣ್ಣ ದಪ್ಪ ಎಲೆ, ತುದಿಯಲ್ಲಷ್ಟೇ ಹಲ್ಲು. ಗೆಣ್ಣು ಗೆಣ್ಣಿಗೂ ಬೇರು. ಎರಡು ಇಂಚಿನ ದಂಟಿನ ತುದಿಗೆ ಬೆಂಕಿಕಡ್ಡಿಯ ತಲೆಯಷ್ಟು ಒಂದು ಮೊಗ್ಗು, ಆ ಮೊಗ್ಗಿನ ಸೊಂಟಕ್ಕೆ ಬಿಳಿ ಹೂಗಳ ಒಂದು ಉಂಗುರ. ಅಷ್ಟು ಎಮ್ಮೆ ತುಳಿದ ಮೇಲೂ ಆ ಹೂಗಳು ತಲೆಯೆತ್ತಿಕೊಂಡು ನಿಂತಿದ್ದವು. ಸಿಸ್ಟರ್ ಹೇಳಿದ್ದು ಆಗ ನೆನಪಾಯಿತು. ಇಲ್ಲಿ ಯಾರೂ ನೀರು ಹಾಕಿರಲಿಲ್ಲ, ಯಾರೂ ಮಾತಾಡಿಸಿರಲಿಲ್ಲ.

ಕಿತ್ತುಕೊಂಡೆ. ಹಾಕಿಕೊಳ್ಳಲು ಏನೂ ಇರಲಿಲ್ಲ. ಉಡಿಯ ಅಕ್ಕಿಯನ್ನು ಕರವಸ್ತ್ರಕ್ಕೆ ಸುರಿದು, ಖಣದಲ್ಲಿ ಬಳ್ಳಿಯನ್ನು ಬೇರಿನ ಕೆಸರಿನ ಸಮೇತ ಸುತ್ತಿದೆ.

ಜೀಪಿನಲ್ಲಿ ಅತ್ತೆ ಅದನ್ನು ಬಿಚ್ಚಿ ನೋಡಿದರು. "ಅಯ್ಯ ಶಿವನ! ಉಡಿ ತುಂಬಿದ ಖಣದಾಗ ಕಳೆ ಕಟಗೊಂಡು ಬಂದೀಯಲ್ಲ! ಸಾಲಿ ಕಲತಾಕಿ ನೀ, ಅದೂ ಸಿಸ್ಟರ್‌ಗೋಳ ಸಾಲಿ!" ಅಂದರು. ಎಡಗೈಯಿಂದಲೇ ಮತ್ತೆ ಸುತ್ತಿ, ಯಾಕೋ, ತಮ್ಮ ಮಡಿಲಲ್ಲೇ ಇಟ್ಟುಕೊಂಡರು.

ಮನೆಗೆ ಬಂದಾಗ ಮಾವ ಗೇಟಿನಲ್ಲೇ ಇದ್ದರು. ಗಂಟಿನಿಂದ ಇಣುಕಿದ ಬಳ್ಳಿ ನೋಡಿ ಹುಬ್ಬೇರಿಸಿದರು.

"ಸವದತ್ತಿಯಿಂದ ಕಳೆ ತಂದ್ರ್ಯಾ? ಯಾಕ, ಬೈಲಹೊಂಗಲದಾಗ ಕಡಿಮಿ ಬಿದ್ದಿತ್ತೇನು? ಒಗೀರಿ ಆಕಡಿ."

"ಉಡಿಯೊಳಗ ಬಂದದ್ದು ಒಗ್ಯಾಕ ಬರೂದಿಲ್ಲ!"

ಹೇಳಿದ್ದು ಅತ್ತೆ. ನನ್ನ ಮೂಲಕವಲ್ಲ, ನೇರವಾಗಿ ಮಾವನ ಮುಖ ನೋಡಿ. ಮಾವ ಒಂದು ಹೆಜ್ಜೆ ಹಿಂದೆ ಸರಿದು ದಾರಿ ಬಿಟ್ಟರು. ಅತ್ತೆಯ ಲೆಕ್ಕದಲ್ಲಿ ಅದು ಈಗ ಕಳೆಯಲ್ಲ, ಉಡಿಯ ಸಾಮಾನು. ತೆಂಗಿನಕಾಯಿಗೆ, ಅರಿಷಿಣಕ್ಕೆ ಇರುವ ಮರ್ಯಾದೆ ಅದಕ್ಕೂ ಬಂದಿತ್ತು. ನಾನು ನಾಲ್ಕನೆಯ ಚೌಕದಲ್ಲಿ ಗೇಣಿಗೊಂದರಂತೆ ತುಂಡುಗಳನ್ನು ಊರುವಾಗ ಅತ್ತೆ ಎಡಗೈಯಿಂದ ಪ್ರತಿ ತುಂಡಿಗೂ ಒಂದು ಚಿಟಿಕೆ ಅರಿಷಿಣ ಉದುರಿಸುತ್ತಾ ನನ್ನ ಹಿಂದೆ ಬಂದರು. ಹೆಸರಿಲ್ಲದ ಅದಕ್ಕೆ ಅಂದಿನಿಂದ "ಉಡಿ ಹುಲ್ಲು" ಎಂದೇ ಹೆಸರು. ಬಹಳ ವರ್ಷಗಳ ಮೇಲೆ ಔಷಧಿ ಗಿಡಗಳು ಗೊತ್ತಿದ್ದ ಹಿರಿಯರೊಬ್ಬರು ಅದು ನೆಲಹಿಪ್ಪಲಿ, ಹುಲ್ಲೇ ಅಲ್ಲ ಅಂದರು. ಅತ್ತೆ ಒಪ್ಪಲಿಲ್ಲ.

ಪ್ಲಾಸ್ಟರ್ ತೆಗೆದರು. ಕೈಗೆ ಎಣ್ಣೆ ಹಚ್ಚಿ ಹಚ್ಚಿ, ಬೆರಳು ಮಡಿಚಿ ಬಿಡಿಸಿ, ಗಣೇಶ ಚೌತಿಯ ಹೊತ್ತಿಗೆ ಅತ್ತೆ ಹಿಟ್ಟು ನಾದುವಂತಾದರು. ಚೌತಿಯ ಹಿಂದಿನ ದಿನ ಬೆಳಕು ಹರಿಯುವಾಗ ನನಗೆ ಎಚ್ಚರವಾದದ್ದು ಒಂದು ಸದ್ದಿಗೆ. ಸುಮಾರು ಮೂರು ತಿಂಗಳಿಂದ ಕೇಳದ ಸದ್ದು. ಅಂಗೈ ನೆಲದ ಮೇಲೆ ಸುಂಯ್ ಅಂತ ತಿರುಗುವ ಸದ್ದು.

ಓಡಿ ಬಂದೆ. ಗೇಟಿನಿಂದ ಹೊಸ್ತಿಲ ತನಕ ಅಂಗಳ ಸಾರಿಸಿ ಆಗಿತ್ತು. ಸುತಳಿ ಸುತ್ತಿ ಬದಿಗಿಟ್ಟಿದ್ದರು. ನಾಲ್ಕೂ ಚೌಕಗಳ ಮೇಲೆ ದಪ್ಪಗೆ ಸಗಣಿ, ಅದರ ಮೇಲೆ ಅರ್ಧ ಚಂದ್ರಗಳ ಸಾಲು. ಅತ್ತೆ ಕಟ್ಟೆಯ ಮೇಲೆ ನಿಂತು ಬೆವರು ಒರೆಸಿಕೊಳ್ಳುತ್ತಿದ್ದರು. ಮುಖದ ತುಂಬ ನಗು.

"ನೋಡವಾ, ಗಿಡಕ್ಕ ಗೊಬ್ಬರಾನೂ ಆತು, ಅಂಗಳಾ ಸಾರಿಸಿದಂಗೂ ಆತು! ಕೈ ನೋಡು, ಪೂರ್ತಿ ತಿರಗತೈತಿ!"

ಮಣಿಕಟ್ಟನ್ನು ನನ್ನ ಮುಂದೆ ಚಕ್ರದ ಹಾಗೆ ತಿರುಗಿಸಿ ತೋರಿಸಿದರು. ಆ ಕೈಯನ್ನು ಹಿಡಿದುಕೊಂಡೆ. ಒಳಗೆ ಹೋಗಿ ನೋಟ್‌ಬುಕ್ಕನ್ನು ಗೋಧಿ ಡಬ್ಬಿಯ ಹಿಂದೆ ಸರಿಸಿದೆ. ಕಣ್ಣಲ್ಲಿ ಸ್ವಲ್ಪ ನೀರೂ ಬಂತು. ಆಮೇಲೆ ಚಹಾಕ್ಕೆ ಇಟ್ಟ ನೀರು ಕುದಿಯುವುದನ್ನು ನೋಡುತ್ತಾ ನಿಂತಾಗ, "ಗಿಡಕ್ಕ ಗೊಬ್ಬರಾನೂ ಆತು" ಅನ್ನುವುದು ನೆನಪಾಗಿ ಒಬ್ಬಳೇ ನಗತೊಡಗಿದೆ. ನಮ್ಮವರು ಬಂದು, "ಏನಾತು?" ಅಂದರು. "ಗೌಂಡಿ ಗೆದ್ದಾ," ಅಂದೆ.

ಚೌತಿಯ ಮುಂಜಾನೆ ಕರಕಿಯ ಗಟ್ಟಿ ಮೊನೆಗಳು ಮಾತ್ರ ಸಗಣಿಯ ಮೇಲೆ ನಿಂತಿದ್ದವು. ಸ್ವಲ್ಪ ಆಸೆ ಬಂತು. ಅಷ್ಟರಲ್ಲಿ ಓಣಿಯ ಹೆಣ್ಣುಮಕ್ಕಳು ತಾಟು ಹಿಡಿದು ಬಂದರು. "ಎಷ್ಟ ಛಲೋ ಮಾಡೀರಿ ಅಕ್ಕಾರ, ಕರಕಿಗೆ ಹೊಲಕ್ಕ ಹೋಗೂದು ತಪ್ಪಿತು ನೋಡ್ರಿ," ಎನ್ನುತ್ತಾ ಇಪ್ಪತ್ತೊಂದು ಇಪ್ಪತ್ತೊಂದರಂತೆ ಎಣಿಸಿ ಕಿತ್ತರು. ದೇವರಿಗೆ ಬೇಡ ಅನ್ನಲು ಬರುತ್ತದೆಯೇ? ಮುಂದೆ ಪ್ರತಿ ಮಂಗಳವಾರವೂ ಬರತೊಡಗಿದರು. ಕರಕಿ ಎಲ್ಲವನ್ನೂ ತಾಳುತ್ತದೆ, ಭಕ್ತಿಯೊಂದನ್ನು ಬಿಟ್ಟು.

ಐದಾರು ದಿನಗಳ ಮೇಲೆ ಮಗಳು ಅಂಗಳದಿಂದ ಕೂಗಿದಳು. "ಮಮ್ಮೀ, ನೆಲಾ ಒಡದೈತಿ!"

ಒಡೆದದ್ದು ನೆಲವಲ್ಲ, ಸಗಣಿಯ ಪದರ. ನಾಲ್ಕನೆಯ ಚೌಕದಲ್ಲಿ ಅರ್ಧ ಚಂದ್ರಗಳ ಅಂಚಿನ ಗುಂಟ ಸಣ್ಣ ಸಣ್ಣ ಹಸಿರು ಕಿವಿಗಳು ಎದ್ದಿದ್ದವು. ಅತ್ತೆಯ ಕೈ ಹೇಗೆ ಹೇಗೆ ತಿರುಗಿತ್ತೋ ಹಾಗೆ ಹಾಗೆಯೇ ಉಡಿ ಹುಲ್ಲು ಚಿಗುರಿತ್ತು. ನಾನು ಮೊಣಕಾಲೂರಿ ಕೂತು ನೋಡಿದೆ. ಪಕ್ಕದಲ್ಲಿ ಅತ್ತೆಯೂ ಕೂತರು.

"ನಾ ಹೇಳಲಿಲ್ಲಾ, ಗೊಬ್ಬರ ಆಗತೈತಿ ಅಂತ?"

"ಹೌದ್ರಿ ಅತ್ತಿ, ಹೇಳಿದ್ರಿ."

"ಮತ್ತ ಯಾವಾಗ ಸಾರಿಸ್ಲಿ?"

ಅಲ್ಲಿ ನಮ್ಮಿಬ್ಬರ ನಡುವೆ ಮಾತುಕತೆ ನಡೆಯಿತು. ಹೊಸ್ತಿಲ ಮುಂದಿನ ಜಾಗ ಅತ್ತೆಯದು, ಸಾರಿಸಿ ರಂಗೋಲಿ ಹಾಕಲು. ನಾನು ನಾಲ್ಕು ಮೊಳ ಅಂದೆ. ಅವರು ಎಂಟು ಅಂದರು. ಆರಕ್ಕೆ ಮುಗಿಯಿತು. ಉಳಿದದ್ದಕ್ಕೆ ಕೈ ಹಚ್ಚುವುದಿಲ್ಲ ಎಂದು ಮಾತು ಕೊಟ್ಟರು. ಬದಲಿಗೆ, ಬಳ್ಳಿಯ ತುದಿಗಳನ್ನು ಕತ್ತರಿಸಿ ಉಳಿದ ಮೂರು ಚೌಕಗಳಿಗೆ ಊರುವ ಕೆಲಸಕ್ಕೆ ತಾವೇ ಕುಳಿತರು. ಅದೂ ನೆಲದ ಕೆಲಸ, ಕೈ ಮಣ್ಣಾಗುವ ಕೆಲಸ. ಊರಿದ ಮೊದಲ ಎರಡು ವಾರ ದಿನಾ ಸ್ವಲ್ಪ ನೀರು, ನಡುವೆ ಹುಟ್ಟುವ ಬೇರೆ ಕಳೆಯನ್ನು ಕೀಳುವುದು, ಅಷ್ಟೇ. ಆಮೇಲೆ ಅದು ನಮ್ಮನ್ನು ಕೇಳಲಿಲ್ಲ. ಮಹಾನವಮಿಯ ಹೊತ್ತಿಗೆ ಚೌಕಗಳು ಕಾಣದಾದವು.

ದೀಪಾವಳಿಗೆ ಎರಡು ದಿನ ಇರುವಾಗ ಸ್ವಾತಿ ಮಳೆ ಜಡಿಯಿತು. ಓಣಿಯೆಲ್ಲ ಕೆಸರು. ಪಾಡ್ಯದ ಮುಂಜಾನೆ ನಮ್ಮ ಕಡೆ ಸಗಣಿಯಿಂದ ಪಾಂಡವರನ್ನು ಮಾಡಿ ಬಾಗಿಲಲ್ಲಿಟ್ಟು ಹೂ ಏರಿಸುವ ಪದ್ಧತಿ. ಅತ್ತೆ ತಮ್ಮ ಆರು ಮೊಳದ ನೆಲದಲ್ಲಿ ಕೂತು ಪುಟ್ಟ ಪುಟ್ಟ ಪಾಂಡವರನ್ನು ಮಾಡುತ್ತಿದ್ದರು. ನಾನು ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದೆ.

ಮಾವ ಹೊರಗಿನಿಂದ ಬಂದರು. ಮಾರುಕಟ್ಟೆಗೆ ಹೋಗುವ ದಪ್ಪ ಚಪ್ಪಲಿ. ಗೇಟಿನ ಕಲ್ಲಿಗೆ ಓಣಿಯ ಕೆಸರನ್ನು ಚೆನ್ನಾಗಿ ತಿಕ್ಕಿ ಒರೆಸಿದರು, ಪಂದ್ಯದಲ್ಲಿ ಮೋಸ ಇರಬಾರದೆಂದು. ಆಮೇಲೆ ಹಸಿರಿನ ಮೇಲೆ ಹೆಜ್ಜೆ ಇಟ್ಟರು. ಒಂದು, ಎರಡು, ಮೂರು. ಅರ್ಧ ದಾರಿಯಲ್ಲಿ ಬದಿಗೆ ಸರಿದು, ಗೋಡೆಗೆ ಒರಗಿದ್ದ ಫರಶಿ ಹಿಡಿದುಕೊಂಡು, ಲಾಳ ಕಟ್ಟಿಸಿಕೊಳ್ಳುವ ಕುದುರೆಯ ಹಾಗೆ ಕಾಲೆತ್ತಿ ಅಂಗಾಲು ನೋಡಿದರು. ಇನ್ನೊಂದು ಕಾಲನ್ನೂ ಎತ್ತಿ ನೋಡಿದರು. ಅತ್ತೆ ತಲೆ ಎತ್ತಲಿಲ್ಲ, ಆದರೆ ಅವರ ಕೈಯಲ್ಲಿದ್ದ ಭೀಮನೋ ಅರ್ಜುನನೋ ಅರ್ಧಕ್ಕೇ ನಿಂತಿದ್ದ.

"ನಿಮ್ಮ ಅತ್ತಿಗೆ ಹೇಳು," ಅಂದರು ಮಾವ. "ಚಪ್ಪಲಿ ತೊಯ್ದಾವು. ರಾಡಿ ಹತ್ತಿಲ್ಲ ಅಂತ."

"ನಿಮ್ಮ ಮಾವಾರಿಗೆ ಹೇಳು," ಅಂದರು ಅತ್ತೆ, "ಚಪ್ಪಲಿ ಬಿಟ್ಟು ನಡದು ನೋಡ್ರಿ ಅಂತ."

ಮಾವ ನನ್ನ ಕಡೆ ನೋಡಿದರು. ನಾನು ಎರಡೂ ಕಡೆಯ ಸುದ್ದಿ ಮುಟ್ಟಿಸುವ ಕೆಲಸ ಅವತ್ತೊಂದು ದಿನ ಮಾಡಲಿಲ್ಲ. ಅವರು ಚಪ್ಪಲಿ ಬಿಟ್ಟರು. ತಣ್ಣಗಿನ ಎಲೆ ಅಂಗಾಲಿಗೆ ತಾಗಿದ್ದೇ ತಡ, ಬೆರಳುಗಳನ್ನು ಒಮ್ಮೆ ಮಡಿಚಿ ಬಿಡಿಸಿದರು. ಗೇಟಿನ ತನಕ ಹೋದರು, ತಿರುಗಿ ಬಂದರು, ಯಾರೂ ಹೇಳದಿದ್ದರೂ ಇನ್ನೊಮ್ಮೆ ಹೋದರು. ಅತ್ತೆ ಕೈಚಾಚಿ ಬೆಂಕಿಕಡ್ಡಿ ತಲೆಯಂಥ ಹೂಗಳನ್ನು ಒಂದೊಂದಾಗಿ ಚಿವುಟಿ, ಪಾಂಡವರ ತಲೆಗೆ ಸಿಕ್ಕಿಸತೊಡಗಿದರು.

ಆ ಹಸಿರಿಗೂ ಕೆಲವು ಗುಣಗಳುಂಟು, ಮುಚ್ಚಿಡಬಾರದು. ಅಂಚಿಗೆ ಸಾಲಾಗಿ ಕಲ್ಲು ಹೂಳದಿದ್ದರೆ ಕಾಯಿಪಲ್ಲೆಯ ಮಡಿಗೂ ನುಗ್ಗುತ್ತದೆ. ಹೂ ಬಂದಾಗ ಜೇನುಹುಳು ಬರುತ್ತವೆ, ಬರಿಗಾಲಿನವರು ನೋಡಿಕೊಂಡು ನಡೆಯಬೇಕು, ಇಲ್ಲವೆ ಹೂಗಳನ್ನು ಕತ್ತರಿಸಬೇಕು. ಕಡುಬೇಸಿಗೆಯಲ್ಲಿ ಹದಿನೈದು ದಿನಕ್ಕೊಮ್ಮೆ ನೀರು ಕೇಳುತ್ತದೆ, ಕೊಡದಿದ್ದರೆ ಕಂದಿ ಕೂತು, ಮಳೆಗೆ ಮತ್ತೆ ಏಳುತ್ತದೆ. ಮುಂದಿನ ಬೇಸಿಗೆಯಲ್ಲಿ ನಮ್ಮ ಅಂಗಳ ಬಾಯಿ ಬಿಡಲಿಲ್ಲ. ಎರಡು ಸಾವಿರದ ಇಸವಿ ದಾಟುವ ಹೊತ್ತಿಗೆ ಕಿತ್ತೂರಿನ ನಾದಿನಿಯ ಮನೆಗೂ, ರಾಮದುರ್ಗದ ನಮ್ಮ ಚಿಕ್ಕಮ್ಮನ ಮನೆಗೂ ಅದು ಹೋಯಿತು. ಅತ್ತೆ ಬರಿಗೈಯಲ್ಲಿ ಕೊಡುತ್ತಿರಲಿಲ್ಲ. ಖಣದಲ್ಲಿ ಸುತ್ತಿ, ಉಡಿ ತುಂಬಿಯೇ ಕೊಡುತ್ತಿದ್ದರು. ಇಲ್ಲದಿದ್ದರೆ ಅವರ ಗಂಡಂದಿರು ಒಗೆದುಬಿಡುತ್ತಾರೆ ಅನ್ನುವುದು ಅವರ ಅನುಭವ.

ಮಾವ ಮೊದಲೇ ಹೇಳಿಟ್ಟಿದ್ದ ಗೌಂಡಿ ಮಾತ್ರ ಮರುದಿನ ಸರಿಯಾಗಿ ಬಂದ. ಬಂದವನನ್ನು ಮಾವ ತಿರುಗಿ ಕಳಿಸಲಿಲ್ಲ. ಫರಶಿಯಲ್ಲಿ ಗೋಡೆಗೆ ಹೊಂದಿಕೊಂಡು ಒಂದು ಕೂರುವ ಕಟ್ಟೆ ಕಟ್ಟಿಸಿದರು, ಉಳಿದ ಕಲ್ಲು ಬಟ್ಟೆ ಒಗೆಯುವ ಜಾಗಕ್ಕೆ ಹೋಯಿತು. ಸಂಜೆ ಹೊತ್ತು ಇಬ್ಬರೂ ಆ ಕಟ್ಟೆಯ ಮೇಲೆ ಕೂತು ಬರಿಗಾಲನ್ನು ಹಸಿರಿನ ಮೇಲೆ ಇಳಿಬಿಡುತ್ತಿದ್ದರು. ನಾನು ಚಹಾ ತಂದುಕೊಟ್ಟಾಗ ಅತ್ತೆ ನನ್ನ ಕಡೆ ತಿರುಗಿ ಹೇಳುತ್ತಿದ್ದರು:

"ನಿಮ್ಮ ಮಾವಾರಿಗೆ ಹೇಳವಾ, ಕಾಲು ಸ್ವಲ್ಪ ಸರಸ್ರಿ ಅಂತ. ತಾಸೊತ್ತಿನಿಂದ ಒಂದ ಕಡೆ ಇಟ್ಟಾರ, ಕೆಳಗ ಹೂ ಅದಾವು."